ಕದ್ದಾಲಿಕೆಯ ಕತೆಯಲ್ಲಿ ಕಾಣೆಯಾದವರು

ನಮ್ಮ ಸವದತ್ತಿಯಲ್ಲಿ ‘ಗೇಟ್’ ಎಂದರೆ ಮಲಪ್ರಭೆಗೆ ಕಟ್ಟಿದ ನವಿಲುತೀರ್ಥ ಅಣೆಕಟ್ಟಿನ ಗೇಟು. ಒಳ್ಳೆಯ ಮಳೆಯಾದ ವರ್ಷ ‘ಗೇಟ್ ತೆಗದಾರಂತ’ ಎಂದು ಯಾರಾದರೂ ಅಂದರೆ ಜನ ಗಾಡಿ ಹತ್ತುತ್ತಾರೆ. ಹಾಗಾಗಿ ಪದವಿ ತರಗತಿಯ ಬೋರ್ಡಿನ ಮೇಲೆ ನಾನು ‘ವಾಟರ್‌ಗೇಟ್’ ಎಂದು ಬರೆದಾಗ ಹುಡುಗರು ನಕ್ಕಿದ್ದು ಸಹಜವೇ. ಅದು ವಾಷಿಂಗ್ಟನ್ನಿನ ಒಂದು ಕಟ್ಟಡ ಸಮುಚ್ಚಯದ ಹೆಸರು. 1972ರ ಜೂನ್ 17ರ ನಸುಕಿನಲ್ಲಿ ಅಲ್ಲಿದ್ದ ಡೆಮಾಕ್ರಟಿಕ್ ಪಕ್ಷದ ಕಚೇರಿಗೆ ನುಗ್ಗಿದ ಐವರು ಸಿಕ್ಕಿಬಿದ್ದರು. ಅವರ ಬೆನ್ನ ಹಿಂದೆ ಯಾರಿದ್ದಾರೆ ಎಂಬುದನ್ನು ಮುಚ್ಚಲು ಹೋಗಿ, ಎರಡು ವರ್ಷಗಳ ಬಳಿಕ, 1974ರ ಆಗಸ್ಟ್ 9ರಂದು ರಿಚರ್ಡ್ ನಿಕ್ಸನ್ ಅಧ್ಯಕ್ಷ ಪದವಿಯಿಂದಲೇ ಇಳಿಯಬೇಕಾಯಿತು.

ಈ ಹಗರಣದ ಬೆನ್ನುಹತ್ತಿದ ಪತ್ರಕರ್ತರಾದ ಬಾಬ್ ವುಡ್‌ವರ್ಡ್ ಮತ್ತು ಕಾರ್ಲ್ ಬರ್ನ್‌ಸ್ಟೀನ್ ಬರೆದ ‘ಆಲ್ ದ ಪ್ರೆಸಿಡೆಂಟ್ಸ್ ಮೆನ್’ 1974ರಲ್ಲಿ, ನಿಕ್ಸನ್ ಇನ್ನೂ ಅಧಿಕಾರದಲ್ಲಿದ್ದಾಗಲೇ ಬಂತು. 1976ರಲ್ಲಿ ಅಲನ್ ಪಕುಲಾ ಅದನ್ನು ಸಿನಿಮಾ ಮಾಡಿದರು. ಸಿನಿಮಾ ಮುಗಿದ ಮೇಲೆ ಒಬ್ಬ ವಿದ್ಯಾರ್ಥಿನಿ ಕೇಳಿದಳು: “ಸರ್, ಪ್ರೆಸಿಡೆಂಟ್ ಬೀಳೂದು ತೋರಸಲೇ ಇಲ್ಲಲ್ರೀ?” ವಿಮರ್ಶೆ ಶುರುವಾಗಬೇಕಾದದ್ದೇ ಈ ಪ್ರಶ್ನೆಯಿಂದ. ನಿಕ್ಸನ್ ಆ ಸಿನಿಮಾದಲ್ಲಿ ಬರುವುದು ಹಳೆಯ ಸುದ್ದಿಚಿತ್ರದ ತುಣುಕುಗಳಲ್ಲಿ ಮಾತ್ರ. ಕೊನೆಯಲ್ಲೂ ಟಿ.ವಿ. ಪರದೆಯ ಮೇಲೆ ಆತ ಎರಡನೇ ಅವಧಿಗೆ ಪ್ರಮಾಣವಚನ ತೆಗೆದುಕೊಳ್ಳುತ್ತಿರುತ್ತಾನೆ, ದೂರದಲ್ಲಿ ಇಬ್ಬರು ಟೈಪ್ ಮಾಡುತ್ತಿರುತ್ತಾರೆ. ಪತನದ ಸುದ್ದಿ ಬರುವುದು ಟೆಲಿಪ್ರಿಂಟರಿನ ಕೆಲವು ಸಾಲುಗಳಾಗಿ.

ದೊಡ್ಡ ಮನುಷ್ಯನನ್ನು ಹೀಗೆ ಹೊರಗಿಟ್ಟಿದ್ದರಿಂದ ಸಣ್ಣವರಿಗೆ ಜಾಗ ಸಿಕ್ಕಿತು. ಬಾಗಿಲಿನ ಚಿಲಕಕ್ಕೆ ಅಂಟಿಸಿದ ಟೇಪನ್ನು ಕಿತ್ತುಹಾಕಿ, ಮರಳಿ ಬಂದಾಗ ಮತ್ತೆ ಟೇಪ್ ಕಂಡು ಪೊಲೀಸರಿಗೆ ಫೋನ್ ಮಾಡಿದ ಕಾವಲುಗಾರ ಫ್ರಾಂಕ್ ವಿಲ್ಸ್. ಹೇಳಲೋ ಬೇಡವೋ ಎಂದು ನಡುಗುವ, ಲೆಕ್ಕ ಬರೆಯುವ ಹೆಂಗಸು. ಕಳ್ಳನೊಬ್ಬನ ಬ್ಯಾಂಕ್ ಖಾತೆಗೆ ಜಮೆಯಾದ 25,000 ಡಾಲರಿನ ಚೆಕ್ಕು. ಗ್ರಂಥಾಲಯದ ರಾಶಿ ರಾಶಿ ಚೀಟಿಗಳು. ಸತ್ಯ ಇಲ್ಲಿ ಗುಮಾಸ್ತರ ಮೇಜಿನಿಂದ ಮೇಜಿಗೆ ತುಣುಕು ತುಣುಕಾಗಿ ಬರುತ್ತದೆ. ಓದುಗನಾಗಿ ನನಗೆ ಪುಸ್ತಕ ಹಿಡಿಸುವುದು ಈ ನಿಧಾನಕ್ಕಾಗಿ.

ಸಿನಿಮಾಕ್ಕಿಂತ ಪುಸ್ತಕ ಒಂದು ಹೆಜ್ಜೆ ಮುಂದಿದೆ ಎನ್ನಲು ಎರಡು ಕಾರಣಗಳಿವೆ. ಒಂದು, 1972ರ ಅಕ್ಟೋಬರ್ 25ರ ವರದಿಯಲ್ಲಿ ಲೇಖಕರು ಎಡವಿದ್ದನ್ನು ತಾವೇ ವಿವರವಾಗಿ ಬರೆದುಕೊಂಡಿದ್ದಾರೆ. ಚುನಾವಣಾ ನಿಧಿಯ ಖಜಾಂಚಿ ಗ್ರ್ಯಾಂಡ್ ಜ್ಯೂರಿಯ ಮುಂದೆ ಹೇಳಿರದ ಮಾತನ್ನು ಹೇಳಿದ್ದಾನೆಂದು ಅವರು ಅಚ್ಚು ಹಾಕಿದ್ದರು. ಎರಡು, ಬರ್ನ್‌ಸ್ಟೀನ್ ಟೆಲಿಫೋನ್ ಕಂಪನಿಯೊಳಗಿನ ಪರಿಚಯಸ್ಥರಿಂದ ಆರೋಪಿಯೊಬ್ಬನ ಕರೆಗಳ ದಾಖಲೆ ತರಿಸಿಕೊಳ್ಳುತ್ತಾನೆ. ತನ್ನ ದಾಖಲೆಯನ್ನು ಯಾರಾದರೂ ಹೀಗೆ ಇಣುಕಿ ನೋಡಿದ್ದರೆ ತಾನು ಸುಮ್ಮನಿರುತ್ತಿದ್ದೆನೇ ಎಂಬ ಅಳುಕು ಅವನನ್ನು ಕಾಡುತ್ತದೆ. ಅದಕ್ಕೆ ಪುಸ್ತಕ ಉತ್ತರ ಕೊಡುವುದಿಲ್ಲ. ಇನ್ನೊಬ್ಬರ ಕಳ್ಳಗಿವಿಯನ್ನು ಬಯಲು ಮಾಡಹೊರಟವನು ತನ್ನ ಕಣ್ಣು ಎಲ್ಲೆಲ್ಲಿ ಹಾಯುತ್ತಿದೆ ಎಂದು ಒಂದು ಗಳಿಗೆ ನಿಂತು ನೋಡಿಕೊಳ್ಳುತ್ತಾನೆ; ನನ್ನ ಮಟ್ಟಿಗೆ ಇಡೀ ಪುಸ್ತಕದ ನೈತಿಕ ಕೇಂದ್ರ ಅದೇ.

ಆದರೂ ಒಂದು ಕೊರತೆ ಉಳಿಯುತ್ತದೆ. ಆ ಐವರು ಹೋಗಿದ್ದು ಮೊದಲ ಸಲವೇನಲ್ಲ. ಮೇ ಕೊನೆಯಲ್ಲಿ ಒಮ್ಮೆ ನುಗ್ಗಿ ಫೋನಿಗೆ ಕದ್ದಾಲಿಕೆಯ ಉಪಕರಣ ಕೂಡಿಸಿ ಬಂದಿದ್ದರು. ಸ್ಪೆನ್ಸರ್ ಆಲಿವರ್ ಎಂಬ ಪಕ್ಷದ ಪದಾಧಿಕಾರಿಯ ಫೋನಿನಲ್ಲಿ ನಡೆದ ಮಾತನ್ನು ರಸ್ತೆಯಾಚೆಯ ಹೋಟೆಲ್ ಕೋಣೆಯಲ್ಲಿ ಆಲ್ಫ್ರೆಡ್ ಬಾಲ್ಡ್‌ವಿನ್ ಎಂಬವನು ಕುಳಿತು ಕೇಳುತ್ತಿದ್ದ. ಅದರಲ್ಲಿ ಬಹುಪಾಲು ಖಾಸಗಿ ಮಾತು. ಮೊಕದ್ದಮೆ ನಡೆದಾಗ, ಕೇಳಿಸಿಕೊಂಡದ್ದನ್ನು ನ್ಯಾಯಾಲಯದಲ್ಲಿ ಓದಿ ಹೇಳಕೂಡದೆಂದು ಆಲಿವರ್ ಪರವಾಗಿ ವಕೀಲರು ಮೇಲ್ಮನವಿ ನ್ಯಾಯಾಲಯದವರೆಗೆ ಹೋಗಬೇಕಾಯಿತು. ಅಧ್ಯಕ್ಷನ ಪತನ ಎಲ್ಲರಿಗೂ ನೆನಪಿದೆ. ಯಾರ ಮನೆಮಾತನ್ನು ಕದ್ದು ಕೇಳಲಾಯಿತೋ ಅವನು ಮಾತ್ರ ಅಡಿಟಿಪ್ಪಣಿ.

ಇಲ್ಲಿಂದ ನಮ್ಮ ಕತೆಗೆ ಬರೋಣ. ಸವದತ್ತಿಯ ಪಕ್ಕದ ಕಿತ್ತೂರು ಚೆನ್ನಮ್ಮನಿಗಾಗಿ ನಾಡಿಗೆಲ್ಲ ಗೊತ್ತು. ಟೆಲಿಫೋನಿನ ಚರಿತ್ರೆಯಲ್ಲೂ ಅದಕ್ಕೊಂದು ಜಾಗವಿದೆ ಎಂಬುದು ಅಷ್ಟಾಗಿ ಗೊತ್ತಿಲ್ಲ. ಸಿ-ಡಾಟ್ ಸಂಸ್ಥೆ ಹಳ್ಳಿಗಳಿಗೆಂದು ದೇಶದಲ್ಲೇ ತಯಾರಿಸಿದ ಸ್ವಯಂಚಾಲಿತ ಎಕ್ಸ್‌ಚೇಂಜನ್ನು 1986ರಲ್ಲಿ ಮೊದಲು ಅಳವಡಿಸಿದ್ದು ಕಿತ್ತೂರಿನಲ್ಲಿ. ಅದಕ್ಕೂ ಮೊದಲು ಟ್ರಂಕ್ ಕಾಲ್ ಬುಕ್ ಮಾಡಿ ಕಾಯಬೇಕು. ನಡುವೆ ಆಪರೇಟರ್ ಇರುತ್ತಾನೆ, ಅವನ ಕಿವಿಗೆ ಬಿದ್ದೇ ಬೀಳುತ್ತದೆ ಎಂದು ಗೊತ್ತಿದ್ದ ಜನ ಸಾಲದ ವಿಷಯ, ಸಂಬಂಧದ ವಿಷಯ ಸುತ್ತಿ ಬಳಸಿ ಹೇಳುತ್ತಿದ್ದರು. ನೇರವಾಗಿ ಡಯಲ್ ಮಾಡಿದಾಗ ನಡುವಿನ ಕಿವಿ ಇಲ್ಲವಾಯಿತು ಎಂದುಕೊಂಡೆವು. ಎರಡೇ ವರ್ಷಕ್ಕೆ, 1988ರಲ್ಲಿ, ಆ ಕಿವಿ ವಿಧಾನಸೌಧದಲ್ಲಿದೆ ಎಂಬ ಸುದ್ದಿ ಬಂತು.

ರಾಮಕೃಷ್ಣ ಹೆಗಡೆಯವರು ಸಾಮಾನ್ಯ ಮುಖ್ಯಮಂತ್ರಿಯಲ್ಲ. 1983ರಲ್ಲಿ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಸರ್ಕಾರ ನಡೆಸಿದವರು, ಲೋಕಾಯುಕ್ತ ತಂದವರು, ಅಬ್ದುಲ್ ನಜೀರ್ ಸಾಬರ ಜೊತೆ ಹಳ್ಳಿಗಳಿಗೆ ಅಧಿಕಾರ ಕೊಟ್ಟವರು. ‘ಮೌಲ್ಯಾಧಾರಿತ ರಾಜಕಾರಣ’ ಎಂಬ ಮಾತು ಮನೆಮಾತಾದದ್ದು ಅವರಿಂದಲೇ. ಅವರ ಸರ್ಕಾರ ಸ್ವಪಕ್ಷದವರೂ ಸೇರಿದಂತೆ ಹಲವರ ಫೋನ್ ಕದ್ದಾಲಿಸಿದೆ ಎಂಬ ಆರೋಪ ಎದ್ದಿತು. 1988ರ ಆಗಸ್ಟಿನಲ್ಲಿ ಅವರು ರಾಜೀನಾಮೆ ಕೊಟ್ಟರು, ಎಸ್.ಆರ್. ಬೊಮ್ಮಾಯಿ ಮುಖ್ಯಮಂತ್ರಿಯಾದರು.

ಈ ಕತೆಯನ್ನು ನಾವು ಹೇಗೆ ಹೇಳಿಕೊಳ್ಳುತ್ತ ಬಂದಿದ್ದೇವೆ? ಎರಡು ಬಗೆಯಲ್ಲಿ. ಮೊದಲನೆಯದು ತ್ಯಾಗದ ಕತೆ. 1984ರ ಲೋಕಸಭೆ ಸೋಲಿನ ಬಳಿಕ ಒಮ್ಮೆ, 1986ರಲ್ಲಿ ಸಾರಾಯಿ ಗುತ್ತಿಗೆಯ ವಿಷಯದಲ್ಲಿ ಹೈಕೋರ್ಟ್ ಟೀಕಿಸಿದಾಗ ಒಮ್ಮೆ ಹೆಗಡೆ ರಾಜೀನಾಮೆ ಕೊಟ್ಟಿದ್ದರು. ಆ ಎರಡು ಸಲವೂ ಮರಳಿ ಬಂದಿದ್ದರು. ಮೂರನೆಯದೂ ಅದೇ ಸಾಲಿಗೆ ಸೇರಿತು: ‘ಈಗಿನವರು ಕುರ್ಚಿ ಬಿಡ್ತಾರೇನ್ರೀ?’ ಎರಡನೆಯದು ದ್ರೋಹದ ಕತೆ. ಬೈಲಹೊಂಗಲದ ‘ಸಂಗ್ಯಾ-ಬಾಳ್ಯಾ’ ಸಣ್ಣಾಟ ನೋಡಿ ಬೆಳೆದ ಸೀಮೆ ನಮ್ಮದು. ಗೆಳೆಯ ಗೆಳೆಯನಿಗೆ ಎರಡು ಬಗೆಯುವುದು ನಮ್ಮ ಕಿವಿಗೆ ಒಗ್ಗಿದ ದುರಂತ. ಹಾಗಾಗಿ ಹೆಗಡೆ, ದೇವೇಗೌಡ, ಜನತಾ ಪಕ್ಷದೊಳಗಿನ ಮನಸ್ತಾಪ, ಯಾರು ಯಾರಿಗೆ ಕೈಕೊಟ್ಟರು ಎಂಬುದೇ ಕಟ್ಟೆಯ ಮೇಲಿನ ಮಾತಾಯಿತು. ಎರಡೂ ಕತೆಗಳಲ್ಲಿ ರಸವಿದೆ. ಎರಡರಲ್ಲೂ ಒಂದು ಸರಳ ಪ್ರಶ್ನೆ ಮಾತ್ರ ಇಲ್ಲ: ಆ ತಂತಿಯ ತುದಿಯಲ್ಲಿ ಮಾತಾಡುತ್ತಿದ್ದವರಿಗೆ ಏನಾಯಿತು?

ಇದಕ್ಕೆ ನಮ್ಮ ಸಾಹಿತ್ಯದ ಅಭ್ಯಾಸವೂ ಸ್ವಲ್ಪ ಕಾರಣ ಎಂದು ನನ್ನ ವಾದ. ಮುಚ್ಚಿಹಾಕುವ ಕಲೆಯ ಬಗ್ಗೆ ಕನ್ನಡದಲ್ಲಿರುವ ಅತ್ಯುತ್ತಮ ದೃಶ್ಯ ಗಿರೀಶ ಕಾರ್ನಾಡರ ‘ತುಘಲಕ್’ ನಾಟಕದಲ್ಲಿದೆ. ತನ್ನ ವಿರುದ್ಧ ಸಂಚು ಹೂಡಿದ ಶಿಹಾಬುದ್ದೀನನನ್ನು ಸುಲ್ತಾನ ತನ್ನ ಕೈಯಾರೆ ಕೊಲ್ಲುತ್ತಾನೆ. ಮರುಗಳಿಗೆಯಲ್ಲೇ, ಸುಲ್ತಾನನನ್ನು ಕಾಪಾಡಲು ಹೋಗಿ ಶಿಹಾಬುದ್ದೀನ ಹುತಾತ್ಮನಾದ ಎಂದು ಸಾರಿಸಿ ಅದ್ದೂರಿ ಶವಸಂಸ್ಕಾರಕ್ಕೆ ಅಪ್ಪಣೆ ಮಾಡುತ್ತಾನೆ. ಅಪರಾಧದಷ್ಟೇ ಅದರ ಮೇಲಿನ ಹೊದಿಕೆಯೂ ಆಳ್ವಿಕೆಯ ಭಾಗವಾಗುವುದನ್ನು ಇಷ್ಟು ಚುಟುಕಾಗಿ ತೋರಿಸಿದ ಬರವಣಿಗೆ ವಿರಳ. 1964ರಲ್ಲಿ ಬಂದ ಈ ನಾಟಕ ವಾಟರ್‌ಗೇಟಿಗಿಂತ ಹಳೆಯದು. ಆದರೆ ನಾಟಕದ ಬೆಳಕು ಬೀಳುವುದು ಸುಲ್ತಾನನ ಮನಸ್ಸಿನ ಮೇಲೆ. ಕೊನೆಗೆ ನಾವು ಮರುಗುವುದೂ ಬಹುಮಟ್ಟಿಗೆ ಅವನಿಗಾಗಿ. ಆಳುವವನ ಒಳತೋಟಿಯನ್ನು ಓದುವುದನ್ನು ತುಘಲಕ್ ನಮಗೆ ಚೆನ್ನಾಗಿ ಕಲಿಸಿದ. ಹೆಗಡೆಯವರ ಕತೆಯನ್ನೂ ನಾವು ಅದೇ ಅಭ್ಯಾಸದಲ್ಲಿ, ದೊಡ್ಡ ಮನುಷ್ಯನ ದುರಂತವಾಗಿ ಓದಿಬಿಟ್ಟೆವು.

ಸಾಹಿತ್ಯ ಬಿಟ್ಟ ಜಾಗವನ್ನು ತುಂಬಿದ್ದು ನ್ಯಾಯಾಲಯ. ಫೋನ್ ಕದ್ದಾಲಿಕೆಗೆ ಸರ್ಕಾರಗಳು ಹಿಡಿದ ಆಧಾರ 1885ರ ಟೆಲಿಗ್ರಾಫ್ ಕಾಯ್ದೆ. ಅದನ್ನು ಹೇಗೆ, ಯಾರ ಅಪ್ಪಣೆಯಿಂದ ಬಳಸಬೇಕು ಎಂಬ ನಿಯಮಗಳನ್ನು ನೂರು ವರ್ಷವಾದರೂ ಯಾರೂ ಮಾಡಿರಲಿಲ್ಲ. 1991ರಲ್ಲಿ ರಾಜಕಾರಣಿಗಳ ಫೋನ್ ಕದ್ದಾಲಿಕೆ ಕುರಿತ ಸಿಬಿಐ ವರದಿಯೊಂದು ಪತ್ರಿಕೆಯಲ್ಲಿ ಬಂದ ಬಳಿಕ ಪಿಯುಸಿಎಲ್ ಸುಪ್ರೀಂ ಕೋರ್ಟಿಗೆ ಹೋಯಿತು. 1996ರ ಡಿಸೆಂಬರಿನ ತೀರ್ಪು ಗೃಹ ಕಾರ್ಯದರ್ಶಿಯ ಆದೇಶ, ಎರಡು ತಿಂಗಳ ಅವಧಿ, ಆರು ತಿಂಗಳ ಮಿತಿ, ಪರಿಶೀಲನಾ ಸಮಿತಿ ಎಂದು ಕಟ್ಟುಪಾಡು ಹಾಕಿತು. ಮನೆಯಲ್ಲೋ ಕಚೇರಿಯಲ್ಲೋ ಕುಳಿತು ಯಾರ ಅಡ್ಡಿಯೂ ಇಲ್ಲದೆ ಫೋನಿನಲ್ಲಿ ಮಾತಾಡುವುದು ಮನುಷ್ಯನ ಖಾಸಗಿ ಬದುಕಿನ ಭಾಗ ಎಂದು ಅದು ಒಪ್ಪಿಕೊಂಡಿತು. 2017ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ಖಾಸಗಿತನ ಮೂಲಭೂತ ಹಕ್ಕು ಎಂದಾಗ ಆ ಮೊಕದ್ದಮೆಯ ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಮಾತಾಡುತ್ತಿದ್ದವರ ಪರವಾಗಿ ಕೊನೆಗೂ ಒಂದು ವಾಕ್ಯ ಬರೆಯಲಾಯಿತು, ಕಾನೂನಿನ ಭಾಷೆಯಲ್ಲಿ.

ಆದರೆ ಕಾನೂನು ಬಂದ ಮಾತ್ರಕ್ಕೆ ಕತೆ ಹೇಳುವ ರೀತಿ ಬದಲಾಗುವುದಿಲ್ಲ. 2019ರ ಆಗಸ್ಟಿನಲ್ಲಿ ಹಿಂದಿನ ಸಮ್ಮಿಶ್ರ ಸರ್ಕಾರದ ಕಾಲದಲ್ಲಿ ಫೋನ್ ಕದ್ದಾಲಿಕೆ ನಡೆದಿದೆ ಎಂಬ ಆರೋಪವನ್ನು ಯಡಿಯೂರಪ್ಪ ಸರ್ಕಾರ ಸಿಬಿಐಗೆ ಒಪ್ಪಿಸಿದಾಗಲೂ ನಮ್ಮ ಚರ್ಚೆ ಯಾರು ಯಾರನ್ನು ಕೆಡವುತ್ತಾರೆ ಎಂಬುದರ ಸುತ್ತಲೇ ತಿರುಗಿತು.

‘ನಮಗೂ ಒಂದು ವಾಟರ್‌ಗೇಟ್ ಬೇಕು’ ಎನ್ನುವವರಿಗೆ ನಾನು ಇನ್ನೊಂದು ಸಂಗತಿ ನೆನಪಿಸುತ್ತೇನೆ. ಪದವಿ ಬಿಟ್ಟ ಒಂದೇ ತಿಂಗಳಲ್ಲಿ ನಿಕ್ಸನ್‌ಗೆ ಕ್ಷಮಾದಾನ ಸಿಕ್ಕಿತು. ಪಕುಲಾನ ಸಿನಿಮಾದಲ್ಲಿ ತನ್ನ ಪಾತ್ರವನ್ನು ತಾನೇ ಮಾಡಿದ ಫ್ರಾಂಕ್ ವಿಲ್ಸ್ 2000ದಲ್ಲಿ ಬಡತನದಲ್ಲಿ ತೀರಿಕೊಂಡ. ಕುರ್ಚಿ ಖಾಲಿಯಾದರೆ ನ್ಯಾಯ ಮುಗಿಯಿತು ಎಂದು ಅಮೆರಿಕದವರೂ ನಂಬಿದರು, ನಾವೂ ನಂಬಿದೆವು.

ಬರೆಯಬೇಕೆಂದಿರುವ ಹುಡುಗ ಹುಡುಗಿಯರಿಗೆ ಇಲ್ಲಿ ಕೆಲಸ ಬಾಕಿ ಇದೆ. ತಾಲ್ಲೂಕು ಎಕ್ಸ್‌ಚೇಂಜಿನಲ್ಲಿ ರಾತ್ರಿ ಪಾಳಿ ಮಾಡಿದ ಆಪರೇಟರುಗಳು ಈಗ ಪಿಂಚಣಿದಾರರಾಗಿ ನಮ್ಮ ಓಣಿಗಳಲ್ಲೇ ಇದ್ದಾರೆ. ಅವರು ಏನೇನು ಕೇಳಿಸಿಕೊಂಡರು ಎಂದು ಕೇಳಬೇಡಿ. ಕೇಳಿಸಿಕೊಂಡದ್ದನ್ನು ಯಾರಿಗೂ ಹೇಳದೆ ಇಷ್ಟು ವರ್ಷ ಹೇಗೆ ಇಟ್ಟುಕೊಂಡರು ಎಂದು ಕೇಳಿ, ಅದನ್ನು ಬರೆಯಿರಿ.