ಐದಕ್ಕೆ ಐದು ಕೊಟ್ಟ ಹುಡುಗಿ

ಬ್ರಿಟನ್ನಿನ ಬೀಟ್ ಸಂಗೀತದ ಭರಾಟೆಯಲ್ಲಿ ಹಾಡದೆ, ವಾದ್ಯ ನುಡಿಸದೆ ಹೆಸರು ಮಾಡಿದವಳು ಜ್ಯಾನಿಸ್ ನಿಕೋಲ್ಸ್. ಇಂಗ್ಲೆಂಡಿನ ಕೈಗಾರಿಕಾ ಊರು ವೆಡ್ನೆಸ್‌ಬರಿಯವಳು, ಕಚೇರಿ ಕೆಲಸದವಳು. 16ರ ಹರೆಯದಲ್ಲಿ ಎಬಿಸಿ ಟೆಲಿವಿಷನ್‌ನ ‘ಥ್ಯಾಂಕ್ ಯುವರ್ ಲಕಿ ಸ್ಟಾರ್ಸ್’ ಕಾರ್ಯಕ್ರಮಕ್ಕೆ ಬಂದಳು. ಅದರ ‘ಸ್ಪಿನ್ ಎ ಡಿಸ್ಕ್’ ಭಾಗದಲ್ಲಿ ಹೊಸ ರೆಕಾರ್ಡು ಹಾಕಿ, ಹದಿಹರೆಯದವರಿಂದ ಐದಕ್ಕೆ ಎಷ್ಟು ಎಂದು ಅಂಕ ಕೊಡಿಸುತ್ತಿದ್ದರು. ‘ಐದು ಕೊಡ್ತೀನಿ’ ಎಂದು ತನ್ನೂರಿನ ಧಾಟಿಯಲ್ಲಿ, ‘ಫೈವ್’ ಎನ್ನುವಲ್ಲಿ ‘ಫಾಯ್ವ್’ ಎಂದು ಆಕೆ ಹೇಳಿದ್ದು ಮನೆಮಾತಾಯಿತು.

ವಿಮರ್ಶೆಯೆಂದು ನೋಡಿದರೆ ಆ ಐದಕ್ಕೆ ತೂಕ ಕಡಿಮೆ. ಹಾಡು ಯಾಕೆ ಹಿಡಿಸಿತು ಎಂದು ಬಿಡಿಸಿ ಹೇಳಲು ಅಲ್ಲಿ ಪುರಸೊತ್ತೇ ಇರಲಿಲ್ಲ. ಆದರೆ ಸುತ್ತ ಏನು ನಡೆಯುತ್ತಿತ್ತು ನೋಡಿ. ಕಾರ್ಯಕ್ರಮಕ್ಕೆ ಬಂದ ಗಾಯಕರು ರೆಕಾರ್ಡಿಗೆ ತುಟಿಯಾಡಿಸುತ್ತಿದ್ದರು. 1963ರ ಜನವರಿಯಲ್ಲಿ ಬರ್ಮಿಂಗ್‌ಹ್ಯಾಮಿನ ಆಸ್ಟನ್ ಸ್ಟುಡಿಯೋದಲ್ಲಿ ಬೀಟಲ್ಸ್ ‘ಪ್ಲೀಸ್ ಪ್ಲೀಸ್ ಮಿ’ಗೆ ಮಾಡಿದ್ದೂ ಅದನ್ನೇ. ನಿರೂಪಕ ಬ್ರಯಾನ್ ಮ್ಯಾಥ್ಯೂ ಅವರದು ರೇಡಿಯೋದಲ್ಲಿ ಪಳಗಿದ ಕಂಠ. ಇವರ ನಡುವೆ ಯಾರೂ ತಿದ್ದಿ ತೀಡದ ದನಿ ಈ ಹುಡುಗಿಯದು. ಸಂಬಳದ ದುಡ್ಡಲ್ಲಿ ರೆಕಾರ್ಡು ಕೊಳ್ಳುತ್ತಿದ್ದ ವಯಸ್ಸಿನವರ ಪೈಕಿ ಒಬ್ಬಳು ತೀರ್ಪು ಕೊಡಲು ಕೂತಳು ಎಂಬುದೇ ದೊಡ್ಡ ಸಂಗತಿ.

ಆ ಸಂಗತಿಯನ್ನು ಕಾರ್ಯಕ್ರಮವೇ ಹಾಳು ಮಾಡಿತು. ಜನ ಕಾಯತೊಡಗಿದ್ದು ಆಕೆಯ ಅಭಿಪ್ರಾಯಕ್ಕಲ್ಲ, ಆ ಉಚ್ಚಾರಕ್ಕೆ. ಐದು ಬಂದರೆ ನಗು, ಮೂರು ಬಂದರೆ ನಿರಾಸೆ ಎಂದಾದ ಮೇಲೆ ಅಂಕಕ್ಕೆ ಅರ್ಥವೆಲ್ಲಿ? 1963ರಲ್ಲಿ ಡೆಕ್ಕಾ ಕಂಪನಿ ಅದೇ ಮಾತನ್ನು ಶೀರ್ಷಿಕೆಯಾಗಿಟ್ಟು ಆಕೆಯಿಂದಲೇ ಒಂದು ರೆಕಾರ್ಡು ಹೊರತಂದಿತು. ಅದರ ಬಂಡವಾಳವೆಲ್ಲ ಆ ಒಂದು ಉದ್ಗಾರ. ಸರಕಿಗೆ ಬೆಲೆ ಕಟ್ಟಬೇಕಾದವಳನ್ನೇ ಉದ್ಯಮ ಸರಕು ಮಾಡಿ ಅಂಗಡಿಗಿಟ್ಟಿತು.

ಅದೇ ವರ್ಷ ಶುರುವಾದ ‘ರೆಡಿ ಸ್ಟೆಡಿ ಗೋ!’ ಎಂಬ ಟಿವಿ ಸಂಗೀತ ಕಾರ್ಯಕ್ರಮದಲ್ಲಿ ಕ್ಯಾಥಿ ಮೆಕ್‌ಗೋವನ್ ಎಂಬ ಇನ್ನೊಬ್ಬ ಹುಡುಗಿಯ ಕೈಗೆ ಮೈಕು ಬಂತು. ಆಕೆ ತಡವರಿಸುತ್ತಲೇ ತಾರೆಯರನ್ನು ಮಾತಾಡಿಸಿದಳು, ಕಾರ್ಯಕ್ರಮದ ಮುಖವೇ ಆದಳು. ತಡವರಿಕೆ ಅಲ್ಲಿ ಅಡ್ಡಿಯಾಗಲಿಲ್ಲ. ಜ್ಯಾನಿಸ್‌ಗೂ ಅಂಥದೇ ಅವಕಾಶ ಸಿಗಬಹುದಿತ್ತು. ಐದು ಎಂದ ಮೇಲೆ ‘ಯಾಕೆ?’ ಎಂದು ಬಿಡದೆ ಕೇಳುವವರಿದ್ದರೆ ಸಾಕಿತ್ತು.