ಬೀಗ ಬಿದ್ದದ್ದು ಕೊಂಡವರಿಗೇ

ಮಂಡ್ಯ, ಮದ್ದೂರು, ಮಳವಳ್ಳಿಯಂಥ ಊರುಗಳ ಡಿಟಿಪಿ ಅಂಗಡಿಗಳಲ್ಲಿ ಲಗ್ನಪತ್ರಿಕೆ, ತಿಥಿ ಕಾರ್ಡು, ಸೊಸೈಟಿ ನೋಟಿಸುಗಳು ಕಂಪ್ಯೂಟರಿಗೆ ಬಂದ ಕಾಲದಲ್ಲಿ ಕನ್ನಡದ ಅಕ್ಷರಕ್ಕೂ ಬೀಗವಿತ್ತು. ಪುಣೆಯ ಮಾಡ್ಯುಲರ್ ಕಂಪನಿಯ ಶ್ರೀಲಿಪಿಯಂಥ ತಂತ್ರಾಂಶ ಕೊಂಡರೆ ಜೊತೆಗೊಂದು ಡಾಂಗಲ್, ಅಂದರೆ ಲಾಕ್, ಬರುತ್ತಿತ್ತು. ಬೆಂಕಿಪೊಟ್ಟಣದಂಥ ಅದನ್ನು ಪ್ರಿಂಟರ್ ಪೋರ್ಟಿಗೆ ಸಿಕ್ಕಿಸಿ, ಅದರ ಬೆನ್ನಿಗೆ ಪ್ರಿಂಟರ್ ಕೇಬಲ್ ಜೋಡಿಸಬೇಕು. ಲಾಕ್ ಉತ್ತರ ಕೊಡದಿದ್ದರೆ ತಂತ್ರಾಂಶ ಕೆಲಸ ಮಾಡದು.

ಇಂಥ ಲಾಕ್ ಮುರಿಯುವವರು ಡಾಂಗಲನ್ನು ಮುಟ್ಟುವುದೇ ಇಲ್ಲ. ತಂತ್ರಾಂಶ ಪ್ರಶ್ನೆ ಕೇಳುವ ಜಾಗವನ್ನೇ ಹಾರಿಸುತ್ತಾರೆ, ಇಲ್ಲವೇ ಲಾಕ್‌ನಂತೆ ಉತ್ತರಿಸುವ ಪುಟ್ಟ ಪ್ರೋಗ್ರಾಮ್ ಬರೆಯುತ್ತಾರೆ. ಪರದಾಟವೆಲ್ಲ ದುಡ್ಡು ಕೊಟ್ಟವರದು: ಕಂಪ್ಯೂಟರ್ ಎರಡು, ಲಾಕ್ ಒಂದು; ಮದುವೆ ಸೀಸನ್ನಿನಲ್ಲಿ ಒಂದರಿಂದ ಕಿತ್ತು ಇನ್ನೊಂದಕ್ಕೆ ಹಾಕುವುದು.

ವಿಡಿಯೋ ಗೇಮ್ ಲೋಕದ ಕಥೆಯೂ ಇದೇ. 2010ರಲ್ಲಿ ಯೂಬಿಸಾಫ್ಟ್ ತನ್ನ ‘ಅಸಾಸಿನ್ಸ್ ಕ್ರೀಡ್ 2’ ಆಟವನ್ನು ಪಿಸಿಯಲ್ಲಿ ಆಡಲು ಸದಾ ಇಂಟರ್ನೆಟ್ ಇರಲೇಬೇಕೆಂದಿತು. ಸರ್ವರ್ ಕೈಕೊಟ್ಟಾಗ ಆಟ ನಿಂತದ್ದು ಕೊಂಡವರಿಗೆ. 2021ರ ‘ರೆಸಿಡೆಂಟ್ ಈವಿಲ್ ವಿಲೇಜ್’ನಲ್ಲಂತೂ ಕಾವಲು ಕಿತ್ತ ಕಳ್ಳಪ್ರತಿಯೇ ಅಸಲಿಗಿಂತ ಸರಾಗವಾಗಿ ಓಡಿತು. ಆಟದ ಕಂಪನಿ ಕ್ಯಾಪ್ಕಾಮ್ ಆಮೇಲೆ ಪ್ಯಾಚ್ ಬಿಟ್ಟು ಸರಿಪಡಿಸಬೇಕಾಯಿತು.

ಕನ್ನಡದಲ್ಲಿ ಬೀಗವನ್ನು ಸೋಲಿಸಿದ್ದರಲ್ಲಿ ಕಳ್ಳಪ್ರತಿಗಿಂತ ದೊಡ್ಡ ಪಾಲು ಉಚಿತ ತಂತ್ರಾಂಶದ್ದು. ಶೇಷಾದ್ರಿವಾಸು 1998ರಲ್ಲಿ ‘ಬರಹ’ವನ್ನು ಪುಕ್ಕಟೆ ಕೊಟ್ಟರು. ಬಳಿಕ ಕನ್ನಡ ಗಣಕ ಪರಿಷತ್ತಿನ ‘ನುಡಿ’ ಸರ್ಕಾರದ ಬೆಂಬಲದಿಂದ, ಕೆ.ಪಿ. ರಾವ್ ವಿನ್ಯಾಸದ ಕೀಲಿಮಣೆಯೊಂದಿಗೆ ಬಂತು. ತಾಲ್ಲೂಕು ಕಚೇರಿಯ ಗುಮಾಸ್ತರಿಗೂ ಎದುರಿನ ಅಂಗಡಿಯ ಟೈಪಿಸ್ಟಿಗೂ ಒಂದೇ ನುಡಿ ಸಿಕ್ಕಿತು. ಯಾವ ಡಾಂಗಲ್ಲೂ ಮಾಡದ ಕೆಲಸವಿದು: ಕದಿಯುವ ಅಗತ್ಯವೇ ಇಲ್ಲದಂತೆ ಮಾಡಿದ್ದು.

ಹಾಗೆಂದು ನಕಲಿಗೆ ಶಹಬ್ಬಾಸ್ ಹೇಳಲಾಗದು. ಕನ್ನಡದ ಒತ್ತು, ದೀರ್ಘ, ಕೊಂಬುಗಳನ್ನು ಒಂದೊಂದಾಗಿ ತಿದ್ದಿ ಫಾಂಟ್ ಮಾಡುವುದು ತಿಂಗಳುಗಟ್ಟಲೆಯ ಕಸುಬು. ಮಾರುಕಟ್ಟೆಯೂ ಚಿಕ್ಕದು. ಆ ಫಾಂಟ್ ಕೈಯಿಂದ ಕೈಗೆ ಬಿಟ್ಟಿಯಾಗಿ ಹೋದರೆ ಮಾಡಿದವರಿಗೆ ದಕ್ಕುವುದೇನು? ಅವರಿಗೆ ನ್ಯಾಯವಾಗಿ ಸಲ್ಲಬೇಕಾದ ಹಣ ಅದು.

ಆದರೆ ಲಾಕ್ ಆ ಹಣವನ್ನು ಉಳಿಸಿಕೊಡಲಿಲ್ಲ, ಮೇಲೊಂದು ಕಷ್ಟವನ್ನೂ ಬಿಟ್ಟುಹೋಯಿತು. ಈಗಿನ ಹೆಚ್ಚಿನ ಕಂಪ್ಯೂಟರುಗಳಲ್ಲಿ ಆ ಹಳೆಯ ಪ್ರಿಂಟರ್ ಪೋರ್ಟೇ ಇಲ್ಲ. ಕಂಪನಿಗಳ ಫಾಂಟ್ ಸಂಕೇತಗಳೂ ಬೇರೆಬೇರೆಯಾಗಿದ್ದರಿಂದ ಅಂದಿನ ಕಡತವನ್ನು ಬೇರೆ ತಂತ್ರಾಂಶದಲ್ಲಿ ತೆರೆದರೆ ಅಕ್ಷರ ಚಿತ್ರವಿಚಿತ್ರ. ಬೆಂಬಲ ನಿಲ್ಲಿಸುವ ದಿನವೇ ಲಾಕ್ ಇಲ್ಲದ ಆವೃತ್ತಿಯನ್ನೂ ಹಳೆಯ ಕಡತಗಳನ್ನು ಎಲ್ಲೆಡೆ ಒಂದೇ ಆಗಿರುವ ಯೂನಿಕೋಡ್ ಸಂಕೇತಕ್ಕೆ ಬದಲಿಸುವ ಸಾಧನವನ್ನೂ ಹಳೆಯ ಗ್ರಾಹಕರಿಗೆ ಉಚಿತವಾಗಿ ಕೊಡುವುದು ಕಂಪನಿಗಳ ಹೊಣೆಯಾಗಬೇಕು.