ಪುಷ್ಪಕದಿಂದ ಕೆಳಗೆ ನೋಡಿದಾಗ

ದಬ್ಬೇಘಟ್ಟದ ಕಡೆಯಿಂದ ತಿಪಟೂರಿನ ಕೊಬ್ಬರಿ ಮಾರುಕಟ್ಟೆವರೆಗೆ ಎಲ್ಲಿ ನಾಲ್ಕು ಜನ ಕೂತರೂ ಒಂದು ಮಾತು ಬರುತ್ತದೆ: ವಿಮಾನ ನಮ್ಮಲ್ಲಿ ಆಗಲೇ ಇತ್ತು, ಬಿಳಿಯರು ಕದ್ಕೊಂಡು ಹೋದ್ರು. ಸಾಕ್ಷಿ ಯಾವುದಯ್ಯ ಅಂದರೆ 'ವೈಮಾನಿಕ ಶಾಸ್ತ್ರ' ಅನ್ನುತ್ತಾರೆ. ಹೇಳುವವರಲ್ಲಿ ಅದನ್ನು ಬಿಡಿಸಿ ನೋಡಿದವರು ನಮಗಂತೂ ಸಿಕ್ಕಿಲ್ಲ. ಬಿಡಿಸೋಣ.

ಭರದ್ವಾಜ ಋಷಿಯದೆನ್ನುವ ಈ ಗ್ರಂಥ ಹುಟ್ಟಿದ್ದು ನಮ್ಮ ಮಗ್ಗುಲಲ್ಲೇ. ಆನೇಕಲ್ಲಿನ ಸುಬ್ಬರಾಯ ಶಾಸ್ತ್ರಿಗಳು ಋಷಿಯಿಂದ ತಮಗೆ ಒಳಗೇ ಕೇಳಿಸಿತೆಂದು 1918ರಿಂದ 1923ರವರೆಗೆ ಹೇಳುತ್ತ ಹೋದರು, ಇನ್ನೊಬ್ಬರು ಬರೆದುಕೊಂಡರು. ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜಿನ ನಕ್ಷೆಗಾರರೊಬ್ಬರು ಚಿತ್ರ ಬರೆದುಕೊಟ್ಟರು. 1973ರಲ್ಲಿ ಮೈಸೂರಿನ ಜಿ.ಆರ್. ಜೋಸ್ಯರ್ ಇಂಗ್ಲಿಷಿನಲ್ಲಿ ಅಚ್ಚು ಹಾಕಿಸಿದರು. ಶಕುನ, ಸುಂದರ, ರುಕ್ಮ, ತ್ರಿಪುರ ಎಂದು ವಿಮಾನಗಳು. ನಡೆಸುವವನಿಗೆ 32 ರಹಸ್ಯ ಗೊತ್ತಿರಬೇಕು, ಕಣ್ಣಿಗೆ ಕಾಣದಂತೆ ಮಾಯವಾಗುವುದೂ ಅದರಲ್ಲೊಂದು.

ಮರುವರ್ಷವೇ, 1974ರಲ್ಲಿ, ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐದು ಜನ, ಎಚ್.ಎಸ್. ಮುಕುಂದ ಮತ್ತು ಗೆಳೆಯರು, ಇದನ್ನು ಮುಂದಿಟ್ಟುಕೊಂಡು ಪರೀಕ್ಷಿಸಿದರು. ಬೈಯಲಿಲ್ಲ, ಲೆಕ್ಕ ಹಾಕಿದರು. ಸಂಸ್ಕೃತ ಈಚಿನದು, 1904ಕ್ಕಿಂತ ಹಿಂದಕ್ಕೆ ಹೋಗದು. ಶ್ಲೋಕಕ್ಕೂ ಚಿತ್ರಕ್ಕೂ ತಾಳೆಯಿಲ್ಲ. ಚಿತ್ರ ಬರೆದ ಕೈಗೆ ಈ ಕಾಲದ ಯಂತ್ರಗಳ ಪರಿಚಯವಿದೆ. ಇವುಗಳಲ್ಲಿ ಒಂದೂ ಹಾರುವಂಥದ್ದಲ್ಲ. ಮುಂದೆ ನೂಕಬೇಕಾದ ಏರ್ಪಾಟೇ ಹಾರಾಟಕ್ಕೆ ಅಡ್ಡ ಬರುತ್ತದೆ. ಇಷ್ಟಾದ ಮೇಲೂ 2015ರ ಜನವರಿಯಲ್ಲಿ ಮುಂಬೈನ ವಿಜ್ಞಾನ ಕಾಂಗ್ರೆಸ್ಸಿನ ವೇದಿಕೆಯಲ್ಲಿ, ಗ್ರಹದಿಂದ ಗ್ರಹಕ್ಕೆ ಹಾರುವ ಪ್ರಾಚೀನ ವಿಮಾನದ ಬಗ್ಗೆ ಪ್ರಬಂಧ ಓದಲಾಯಿತು.

ಸುಬ್ಬರಾಯ ಶಾಸ್ತ್ರಿಗಳ ಮೇಲೆ ನಮಗೆ ಸಿಟ್ಟಿಲ್ಲ. ಬಡತನ ಉಂಡ ಮನುಷ್ಯ. ಕಲ್ಪನೆ ಯಾರಪ್ಪನ ಮನೆ ಸ್ವತ್ತೂ ಅಲ್ಲ. ಇಂಗ್ಲೆಂಡಿನ ಎಚ್.ಜಿ. ವೆಲ್ಸ್ 1895ರಲ್ಲಿ ಕಾಲದೊಳಗೆ ಓಡಾಡುವ ಯಂತ್ರ ಕಟ್ಟಿದ. 1901ರಲ್ಲಿ ಭೂಮಿಯ ಸೆಳೆತವನ್ನೇ ತಡೆಯುವ ವಸ್ತು ಕಟ್ಟಿ ಚಂದ್ರನಿಗೆ ಜನ ಕಳಿಸಿದ. ಎರಡನ್ನೂ ಕತೆ ಅಂತಲೇ ಹೇಳಿದ. ಆ ಕಾಲಯಂತ್ರ ಹತ್ತಿ ಹೋದವನು ನೋಡಿದ್ದೇನು? ನೆಲದ ಮೇಲೆ ಆಡಿಕೊಂಡಿರುವ ಸುಖಪುರುಷರನ್ನು, ನೆಲದಡಿಯ ಕತ್ತಲಲ್ಲಿ ಯಂತ್ರ ತಿರುಗಿಸುವ, ಕೂಲಿಕಾರರ ಸಂತಾನವಿರಬಹುದಾದ ಜನರನ್ನು. ಸುಳ್ಳು ಯಂತ್ರದಿಂದ ನಿಜ ತೋರಿಸಿದ. ನಮ್ಮ ಪುಸ್ತಕದಿಂದ ಆದದ್ದು ಬೇರೆ. ಇದರ ವಿಮಾನ ಏಳಲಿಲ್ಲ, ಪುಸ್ತಕ ಮಾತ್ರ ಕಾಲವನ್ನು ಹಿಂದಕ್ಕೆ ತಳ್ಳಿತು. ಇಪ್ಪತ್ತನೇ ಶತಮಾನದ ಬರಹ ಋಷಿಗಳ ಕಾಲಕ್ಕೆ ಹೋಗಿ ಕೂತುಬಿಟ್ಟಿತು. ಅಂಥ ವಿಮಾನ ಇದ್ದದ್ದೇ ಆದರೆ ಅದಿರು ಅಗೆದವರು ಯಾರು, ತಿದಿ ಒತ್ತಿದವರು ಯಾರು? ಒಂದು ಕುಲುಮೆ, ಒಂದು ಮೊಳೆಯಾದರೂ ಸಿಗಬೇಡವೇ? ಇತ್ತು ಇತ್ತು ಅನ್ನುವವರಿಗೆ ಈ ಕೈಗಳು ನೆನಪಿಗೇ ಬರುವುದಿಲ್ಲ.

ನಮ್ಮ ಸೀಮೆಯಲ್ಲಿ ಕಾಲಿಗೆ ಹಗ್ಗ ಸಿಕ್ಕಿಸಿಕೊಂಡು ಮರ ಹತ್ತೋನಿಗೆ ನ್ಯೂಟನ್ ಹೆಸರು ಗೊತ್ತಿಲ್ಲದಿರಬಹುದು, ಕೈ ಜಾರಿದರೆ ಏನಾಗುತ್ತೆ ಅಂತ ಗೊತ್ತು. ಕಾಯಿ ಉಂಡೆ ಕೊಬ್ಬರಿಯಾಗಲು ಅಟ್ಟದ ಮೇಲೆ ಹತ್ತು ಹನ್ನೊಂದು ತಿಂಗಳು ಕೂರಬೇಕು, ಮಂತ್ರ ಹಾಕಿದರೆ ಬೇಗ ಆಗಲ್ಲ. ತೂಕವನ್ನೂ ಕಾಲವನ್ನೂ ಬೆನ್ನ ಮೇಲೆ ಹೊತ್ತ ಜನರಿಗೆ ಪ್ರಾಚೀನ ವಿಮಾನದ ಹೆಮ್ಮೆ ಹಂಚುವುದು ಸುಲಭ. ಹೆಮ್ಮೆಗೇನು, ಕೂಲಿ ಕೊಡಬೇಕಾಗಿಲ್ಲ.

ಸರಿ, ಪುಷ್ಪಕ ಇತ್ತು ಅಂತಲೇ ಇಟ್ಟುಕೊಳ್ಳೋಣ. ಅದು ಯಾತಕ್ಕೆ ಹಾರಿತು? ಲಂಕೆಯಿಂದ ಅಯೋಧ್ಯೆಗೆ ಬಂದದ್ದು ಎಲ್ಲರ ಬಾಯಲ್ಲೂ ಇದೆ. ಉತ್ತರಕಾಂಡದ ಹಾರಾಟ ಯಾರ ಬಾಯಿಗೂ ಬರುವುದಿಲ್ಲ. ಬ್ರಾಹ್ಮಣನ ಮಗ ಸತ್ತ. ಎಲ್ಲೋ ಶೂದ್ರನೊಬ್ಬ ತಪಸ್ಸು ಮಾಡುತ್ತಿರುವುದೇ ಕಾರಣ ಎಂದು ನಾರದ ಹೇಳಿದ. ರಾಮ ಪುಷ್ಪಕವನ್ನು ನೆನೆದು ಹತ್ತಿದ. ಪಶ್ಚಿಮ ನೋಡಿದ, ಉತ್ತರ ನೋಡಿದ, ಪೂರ್ವ ನೋಡಿದ. ದಕ್ಷಿಣದಲ್ಲಿ, ಸರೋವರದ ದಂಡೆಯಲ್ಲಿ, ತಲೆಕೆಳಗಾಗಿ ನೇತಾಡುತ್ತಿದ್ದ ಶಂಬೂಕ ಸಿಕ್ಕಿದ. ಈ ಮೈಯಲ್ಲೇ ದೇವರಾಗಬೇಕು ಅಂದ. ಕುಲ ಕೇಳಿದ್ದಕ್ಕೆ ಸುಳ್ಳು ಹೇಳಲಿಲ್ಲ. ಕತ್ತಿ ಬಿತ್ತು. ಅದೇ ಗಳಿಗೆಗೆ ಸತ್ತ ಹುಡುಗ ಎದ್ದು ಕೂತ.

ಭೂಮಿಯ ಸೆಳೆತ ಮೀರುವುದೂ ಕಾಲವನ್ನು ಹಿಂದಕ್ಕೆ ತಿರುಗಿಸುವುದೂ ಒಂದೇ ಕತೆಯಲ್ಲಿ ಇವೆ ನೋಡಿ. ಒಬ್ಬನಿಗೆ ವಿಮಾನ, ಒಬ್ಬನಿಗೆ ಹೋದ ಜೀವ ವಾಪಸ್ಸು. ಮೇಲೇರಲು ಹೊರಟ ಮೂರನೆಯವನಿಗೆ ಮಾತ್ರ ಸೆಳೆತದ ನಿಯಮ ಕಟ್ಟುನಿಟ್ಟು.

ಕುವೆಂಪು 1944ರಲ್ಲೇ 'ಶೂದ್ರ ತಪಸ್ವಿ' ಬರೆದು ಶಂಬೂಕನ ತಲೆ ಉಳಿಸಿದರು, ಅಸ್ತ್ರವನ್ನು ಬ್ರಾಹ್ಮಣನ ಕಡೆಗೇ ತಿರುಗಿಸಿದರು. ಮೂಲವನ್ನು ಹೀಗೆ ಬದಲಿಸಬಾರದೆಂದು ಮಾಸ್ತಿಯವರು ಆಕ್ಷೇಪಿಸಿದರು. ಮೂಲ ಬದಲಿಸಬಾರದಂತೆ! ಇಪ್ಪತ್ತನೇ ಶತಮಾನದ ಬರಹಕ್ಕೆ ಭರದ್ವಾಜನ ಹೆಸರು ಹಚ್ಚಿ ನಂಬುವವರ ನಾಡಿನಲ್ಲಿ.

ಹಳ್ಳಿ ಶಾಲೆಯ ಮೇಷ್ಟ್ರುಗಳಲ್ಲಿ ನಮ್ಮದೊಂದು ಕೋರಿಕೆ. ವಿಮಾನದ ಮಾತು ಬಂದಾಗ ಮಕ್ಕಳ ಬಾಯಿ ಮುಚ್ಚಿಸಬೇಡಿ. 1974ರ ಪರೀಕ್ಷೆಯಲ್ಲಿ ಏನಾಯಿತೆಂದು ಹೇಳಿ. ಆಮೇಲೆ ಉತ್ತರಕಾಂಡದ ಆ ಭಾಗವನ್ನು ಪೂರ್ತಿ ಓದಿ ಕೇಳಿಸಿ, ಪುಷ್ಪಕ ನೆಲಕ್ಕಿಳಿದ ಜಾಗದಿಂದ ಮುಂದಕ್ಕೂ.